ನನ್ನ ಹಾಡಿಗೆ ಬಂದ ಭಜಿ ವ್ಯಾಪಾರ

ಸಿನೆಮಾಕ್ಕೆ ಸಂಗೀತ ಕೊಡುವುದರಲ್ಲಿ ಏನು ಮಹಾ ಕಷ್ಟ ಎಂದುಕೊಂಡಿದ್ದೆ. ಇಪ್ಪತ್ತು ವರ್ಷ ನಾಟಕದವರಿಗೆ ಹಾರ್ಮೋನಿಯಂ ನುಡಿಸಿದ ಕೈ ನನ್ನದು. ಹೀಗಾಗಿ ಇಂಡಿ ಊರಿನ ನಿಂಬೆ ತೋಟದ ಗೌಡರು, ತಾವು ತೆಗೆಯುವ ಸಿನೆಮಾಕ್ಕೆ ಒಂದು ಹಾಡು ಮಾಡಿಕೊಡಿ ಎಂದಾಗ ಒಪ್ಪಿಬಿಟ್ಟೆ. ಒಟ್ಟು ಗುತ್ತಿಗೆ. ತಬಲಾದವನು, ಪಿಟೀಲಿನವನು, ಹಾಡುವವಳು, ಅವರ ಊಟ, ಬಸ್ಸಿನ ಖರ್ಚು ಎಲ್ಲ ನನ್ನ ತಲೆಗೆ. ಉಳಿದದ್ದು ನನ್ನ ಸಂಭಾವನೆ.

ಉಳಿಯಲಿಲ್ಲ. ಪಿಟೀಲಿನವನು ನುಡಿಸಿದ್ದಕ್ಕಿಂತ ಉಂಡದ್ದೇ ಹೆಚ್ಚು. ಕೊನೆಗೆ ಅವರ ಪಗಾರ ಕೊಡಲು ನನ್ನ ಹಾರ್ಮೋನಿಯಮ್ಮನ್ನೇ ಸಿಂದಗಿಯ ಸಾಹುಕಾರರಲ್ಲಿ ಒತ್ತೆ ಇಟ್ಟೆ. ದೀಪಾವಳಿಯೊಳಗೆ ಬಿಡಿಸದಿದ್ದರೆ ಅದು ಅವರದು.

ಗೌಡರ ಬಳಿ ಹೋದರೆ ಅವರೂ ಬರಿಗೈ. "ಮಾಸ್ತರ, ಸಿಂದಗಿ ಟೆಂಟಿನ್ಯಾಗ ನಮ್ಮ ಸಿನೆಮಾ ಬರಾಕತ್ತೈತಿ. ಆ ವಾರ ಚಾದಂಗಡಿ ನನಗ ಬಿಟ್ಟಾರ. ನೀವ ನಡಸ್ರಿ, ಬಂದದ್ದು ನಿಮ್ಮದ," ಎಂದರು.

ನನ್ನ ಹೆಂಡತಿ ಶಾಂತವ್ವ ಸುದ್ದಿ ಕೇಳಿದ್ದೇ ಭಜಿಗೆಂದು ಕಡಲೆ ಹಿಟ್ಟು ಸಾಣಿಸತೊಡಗಿದಳು.

ಮೊದಲ ದಿನ ಇಂಟರ್‌ವಲ್ಲಿನಲ್ಲಿ ವ್ಯಾಪಾರ ಅಷ್ಟಕ್ಕಷ್ಟೆ. ಅದು ಮುಗಿದ ಸ್ವಲ್ಪ ಹೊತ್ತಿಗೆ ನನ್ನ ಹಾಡು ಬಂತು. ನಾನು ಟೆಂಟಿನ ಅಂಚಿಗೆ ನಿಂತು, ಕೈಯಲ್ಲಿ ತಾಳ ಹಾಕುತ್ತ, ಜನರ ಮುಖ ನೋಡಿದೆ. ಪರದೆಯ ಕಡೆ ಒಂದು ಮುಖವೂ ಇರಲಿಲ್ಲ. ಎಲ್ಲರೂ ಎದ್ದು ನನ್ನ ಅಂಗಡಿಯ ಕಡೆಗೇ ಬರುತ್ತಿದ್ದರು!

"ಚಾ ಲಗೂ ಕೊಡ್ರಿ," ಎಂದರು ಮುಂದಿದ್ದ ಒಬ್ಬ ಹಿರಿಯರು. "ಹಾಡ ಮುಗಿಯೂದ್ರೊಳಗ ಕುಡೀಬೇಕು. ಆಮ್ಯಾಲ ಕತಿ ಐತಿ."

ಕೊಟ್ಟೆ. ಸಕ್ಕರೆ ಹಾಕುವುದು ಮರೆತೆ.

ಮೂರನೆಯ ದಿನ ಸಿನೆಮಾ ಮಷಿನ್ ನಡೆಸುವವನು ಬಂದು, ಜನ ಬೇಸರಪಡುತ್ತಾರೆ, ಇವತ್ತಿನಿಂದ ಈ ಹಾಡು ತೆಗೆದುಬಿಡುತ್ತೇನೆ ಎಂದ. ನಾನು ಅವನ ಕೈ ಹಿಡಿದು ಬೇಡಿಕೊಂಡೆ. ಸಂಗೀತದ ಮಾನ ಉಳಿಸಲು ಅಲ್ಲ. ಬುಟ್ಟಿಯಲ್ಲಿ ಎರಡು ಸೇರು ಮೆಣಸಿನಕಾಯಿ ಸೀಳಿ ಇಟ್ಟಾಗಿತ್ತು. ಅವನಿಗೆ ದಿನಕ್ಕೊಂದು ಪ್ಲೇಟು ಭಜಿ ಗೊತ್ತುಮಾಡಿದ ಮೇಲೆ ಹಾಡು ಉಳಿಯಿತು.

ವಾರದ ಕೊನೆಗೆ ಹಾರ್ಮೋನಿಯಂ ಬಿಡಿಸಿಕೊಂಡು ಮನೆಗೆ ಹೊತ್ತು ತಂದೆ. ಶಾಂತವ್ವ ಕೈಯ ಹಿಟ್ಟು ತೊಳೆಯುತ್ತ, "ಹಾಡಿಗೆ ಇನ್ನೆರಡು ನುಡಿ ಜಾಸ್ತಿ ಹಾಕಿದ್ರ ಒಂದ ಹೊಸಾ ಬಾಣಲಿನೂ ಬರ್ತಿತ್ತು ನೋಡ್ರಿ," ಎಂದಳು.

ಮನಸ್ಸಿಗೆ ಸಮಾಧಾನವಾಗಲೆಂದು ಆ ಸಂಜೆ ಕಟ್ಟೆಯ ಮೇಲೆ ಕುಳಿತು ಅದೇ ಹಾಡನ್ನು ಮೆಲ್ಲಗೆ ನುಡಿಸಿದೆ. ಒಂದು ಸಾಲು ಮುಗಿದಿರಲಿಲ್ಲ, ಟೆಂಟಿಗೆ ಹೋಗಿಬಂದಿದ್ದ ಪಕ್ಕದ ಮನೆಯ ನೀಲವ್ವ ತಟ್ಟೆ ಹಿಡಿದು ಬಾಗಿಲಿಗೆ ಬಂದಳು.

"ಭಜಿ ಆಗ್ಯಾವೇನ್ರಿ, ಮಾಸ್ತರ?"