ಗೈಡಿನ ಗಂಟಲು ಕಟ್ಟಿದ ದಿನ

ಎಲ್ಲಾ ರಾದ್ಧಾಂತಕ್ಕೂ ಕಾರಣ ಗೈಡಿನ ಗಂಟಲು. ಹಿಂದಿನ ದಿನ ಯಾವುದೋ ಶಾಲೆಯ ಮಕ್ಕಳಿಗೆ ಕೋಟೆ ತೋರಿಸುತ್ತಾ, ಹತ್ತಬೇಡಿ, ಇಳೀರಿ, ಮುಟ್ಟಬೇಡಿ ಎಂದು ಕೂಗಿ ಕೂಗಿ, ಬೆಳಿಗ್ಗೆ ಏಳುವಷ್ಟರಲ್ಲಿ ಆ ಗಂಟಲಿನಿಂದ ಗಾಳಿಯೊಂದನ್ನು ಬಿಟ್ಟು ಬೇರೇನೂ ಹೊರಡುತ್ತಿರಲಿಲ್ಲ. ಪಾಪ, ರಜೆ ಕೇಳಿದ್ದ. ಪ್ರವಾಸದ ಏಜೆನ್ಸಿಯವರು, ಮಾತಾಡದಿದ್ದರೆ ಬೇಡ, ಕೈ ತೋರಿಸಿದರೂ ಸಾಕು ಎಂದು ಕಳಿಸಿಬಿಟ್ಟಿದ್ದರು. ಕುತ್ತಿಗೆಗೆ ಮಫ್ಲರ್ ಸುತ್ತಿಕೊಂಡು ವ್ಯಾನಿನ ಬಾಗಿಲಲ್ಲಿ ನಿಂತವನು ಗಂಟಲು ಮುಟ್ಟಿ ತೋರಿಸಿ, ಎರಡೂ ಕೈ ಜೋಡಿಸಿದ.

"ಅಯ್ಯೋ, ಅದಕ್ಕೇನಂತೆ. ನಾನಿದೀನಲ್ಲ," ಎಂದ ಗೊತ್ತಪ್ಪ.

ಗೊತ್ತಪ್ಪ ಅನ್ನುವುದು ಅಪ್ಪ ಅಮ್ಮ ಇಟ್ಟ ಹೆಸರಲ್ಲ. ಪರದೆ ಬಟ್ಟೆಯ ಅಂಗಡಿಯಲ್ಲಿ ಅವನು ಸೇಲ್ಸ್‌ಮನ್. ಯಾರು ಏನು ಕೇಳಿದರೂ ಗೊತ್ತು ಬಿಡಿ ಎಂದೇ ಬಾಯಿ ತೆರೆಯುತ್ತಿದ್ದದ್ದರಿಂದ ಜೊತೆಯವರು ಅಂಟಿಸಿದ ಹೆಸರು ಅದು. ಈ ಬಣ್ಣ ಬಿಸಿಲಿಗೆ ಮಾಸುತ್ತದೆಯೇ ಎಂದು ಗಿರಾಕಿ ಕೇಳಿದರೆ, ಆಗಷ್ಟೇ ಸೂರ್ಯನ ಹತ್ತಿರ ಮಾತಾಡಿಕೊಂಡು ಬಂದವನ ಹಾಗೆ ಉತ್ತರ ಕೊಡುತ್ತಿದ್ದ. ಬಟ್ಟೆ ಮಾರುವುದಕ್ಕೆ ಈ ಗುಣ ಒಳ್ಳೆಯದೇ. ಮದುವೆಯಾಗುವುದಕ್ಕೂ ಇದೇ ಸಾಕು ಎಂದುಕೊಂಡಿದ್ದದ್ದು ಅವನ ತಪ್ಪು.

ಅಂಗಡಿಯ ಮೇಲಿನ ಮಹಡಿಯಲ್ಲಿ ಹಲ್ಲಿನ ಡಾಕ್ಟರರ ಕ್ಲಿನಿಕ್ಕು. ಅಲ್ಲಿ ಕೆಲಸಕ್ಕಿದ್ದ ಹುಡುಗಿಗೂ ಇವನಿಗೂ ಮೆಟ್ಟಿಲ ಮೇಲೆ ಪರಿಚಯವಾಗಿ, ಪರಿಚಯ ಪ್ರೀತಿಯಾಗಿ, ಪ್ರೀತಿ ಈಗ ಅವಳ ಅಪ್ಪನ ಎದುರಿಗೆ ಬಂದು ನಿಂತಿತ್ತು. ಅಪ್ಪ ಮೊದಲು ಕಟ್ಟಡದ ಕಂಟ್ರಾಕ್ಟರ್ ಆಗಿದ್ದವರು. ಕೆಲವು ವರ್ಷಗಳಿಂದ ಕೆಲಸ ಬಿಟ್ಟು, ಮುಖ ಗಂಟು ಹಾಕಿಕೊಂಡು ಮನೆಯಲ್ಲೇ ಇರುತ್ತಿದ್ದರು. ಬಾಡಿಗೆ ರೂಮಿನಲ್ಲಿರುವವನು, ಬರೀ ಬಾಯಿ, ಇವನಿಗೆ ಮಗಳನ್ನು ಹೇಗೆ ಕೊಡಲಿ ಎಂಬುದು ಅವರ ಮಾತು. ಕೊನೆಗೆ, ಹಳೆಯ ಪುಣ್ಯಸ್ಥಳಗಳನ್ನೂ ಪಾಳುಬಿದ್ದ ಅರಮನೆಯನ್ನೂ ತೋರಿಸುವ ಒಂದು ದಿನದ ಪ್ರವಾಸಕ್ಕೆ ಮನೆಮಂದಿಯೆಲ್ಲ ಹೊರಟಿದ್ದೇವೆ, ಅವನೂ ಬರಲಿ, ದಿನವಿಡೀ ನೋಡಿ ಸಂಜೆಗೆ ಹೌದು ಇಲ್ಲ ಹೇಳುತ್ತೇನೆ ಎಂದಿದ್ದರು. ಹುಡುಗಿ ವ್ಯಾನು ಹತ್ತುವ ಮೊದಲೇ ಇವನ ತೋಳು ಹಿಡಿದು, ದಮ್ಮಯ್ಯ, ಇವತ್ತೊಂದು ದಿನ ಬಾಯಿಗೆ ಬೀಗ ಹಾಕಿಕೋ ಎಂದು ಬೇಡಿಕೊಂಡಿದ್ದಳು. ಇವನು ಹಾಗೇ ಆಗಲಿ ಎಂದು ಮಾತೂ ಕೊಟ್ಟಿದ್ದ. ಅಷ್ಟರಲ್ಲಿ ಗೈಡಿನ ಗಂಟಲು ಕಟ್ಟಿತಲ್ಲ, ಸಾಕ್ಷಾತ್ ದೇವರೇ ಅವಕಾಶ ಕೊಟ್ಟ ಮೇಲೆ ಬೀಗವೆಲ್ಲಿ ನಿಲ್ಲುತ್ತದೆ.

ವ್ಯಾನಿನಲ್ಲಿದ್ದವರು ಅಪ್ಪ, ಹುಡುಗಿ, ಡ್ರೈವರ್, ಮಫ್ಲರಿನ ಗೈಡು, ಇವರೆಲ್ಲರಿಗಿಂತ ಹೆಚ್ಚಾಗಿ ಹುಡುಗಿಯ ಸೋದರತ್ತೆ. ಈ ಅತ್ತೆಗೆ ತನಗೆ ಸಂಬಂಧಪಡದ ವಿಷಯ ಎಂಬುದು ಲೋಕದಲ್ಲಿ ಇರಲಿಲ್ಲ. ಹೊರಟ ಸ್ವಲ್ಪ ಹೊತ್ತಿಗೇ ಗೊತ್ತಪ್ಪನ ಸಂಬಳ, ರೂಮಿನ ಅಳತೆ, ಗೊರಕೆ ಹೊಡೆಯುವ ಅಭ್ಯಾಸ ಎಲ್ಲವನ್ನೂ ವಿಚಾರಿಸಿ ಮುಗಿಸಿದ್ದರು.

ಮೊದಲನೆಯ ಸ್ಥಳ ಗುಡ್ಡದ ಮೇಲಿನ ದೊಡ್ಡ ಪ್ರಾರ್ಥನಾ ಮಂದಿರ. ಗುಮ್ಮಟದ ಕೆಳಗೆ ನಿಂತು ಗೈಡು ಬೆರಳೆತ್ತಿ ಏನೋ ಸನ್ನೆ ಮಾಡಿದ. ಗೊತ್ತಪ್ಪ ಅದನ್ನು ಕೂಡಲೇ ಅರ್ಥಮಾಡಿಕೊಂಡ. ಈ ಗುಮ್ಮಟಕ್ಕೆ ಎಂಟುನೂರು ವರ್ಷವಾಯಿತು, ಒಂದು ಕಲ್ಲೂ ಅಲುಗಿಲ್ಲ ಎಂದು ಸಾರಿದ. ಗುಮ್ಮಟ ಆ ಮಾತನ್ನು ಇನ್ನೆರಡು ಸಲ ಹೇಳಿತು. ಅಷ್ಟರಲ್ಲಿ ಅತ್ತೆ ಗೋಡೆಯ ಮೇಲಿನ ಫಲಕವನ್ನು ಗಟ್ಟಿಯಾಗಿ ಓದತೊಡಗಿದರು. ಹಳೆಯ ಗುಮ್ಮಟ ಬಿದ್ದುಹೋದದ್ದರಿಂದ ನಲವತ್ತು ವರ್ಷದ ಹಿಂದೆ ಭಕ್ತರೆಲ್ಲ ಸೇರಿ ಹೊಸದು ಕಟ್ಟಿಸಿದರೆಂದು ಅದರಲ್ಲಿ ಬರೆದಿತ್ತು. ಅದನ್ನೂ ಗುಮ್ಮಟ ಇನ್ನೆರಡು ಸಲ ಹೇಳಿತು.

"ನಲವತ್ತು ವರ್ಷ ಅಂತಿದೆಯಲ್ಲಪ್ಪಾ?" ಎಂದರು ಅತ್ತೆ.

"ಅದು ಬೋರ್ಡಿನ ವಯಸ್ಸಮ್ಮಾ," ಎಂದ ಗೊತ್ತಪ್ಪ.

ಅಪ್ಪ ಕನ್ನಡಕ ತೆಗೆದು ಒರೆಸಿ, ಮತ್ತೆ ಹಾಕಿಕೊಂಡು, ಇವನನ್ನೊಮ್ಮೆ ಮೇಲಿನಿಂದ ಕೆಳಗಿನವರೆಗೆ ನೋಡಿ ವ್ಯಾನಿನ ಕಡೆ ನಡೆದರು.

ಎರಡನೆಯದು ಸನ್ಯಾಸಿಗಳಿದ್ದ ಹಳೆಯ ಮಠ. ಅಲ್ಲಿ ಉದ್ದನೆಯ ಪಡಸಾಲೆ, ಅದರ ಕೊನೆಯಲ್ಲಿ ಮುಚ್ಚಿದ ಪುಟ್ಟ ಬಾಗಿಲು. ಗೊತ್ತಪ್ಪ ದನಿ ತಗ್ಗಿಸಿ, ಮಹಾಗುರುಗಳು ಅನ್ನ ನೀರು ಬಿಟ್ಟು ಕೂತ ಕೋಣೆ ಇದೇ, ಈಗಲೂ ಕಿವಿಯಿಟ್ಟರೆ ಒಳಗೆ ಉಸಿರಾಟ ಕೇಳಿಸುತ್ತದೆ ಎಂದ. ಗೈಡು ಎರಡೂ ಕೈ ಆಡಿಸಿ, ತಲೆ ಅಲ್ಲಾಡಿಸಿ, ಕೊನೆಗೆ ನೆಲ ಗುಡಿಸುವ ಹಾಗೆ ಸನ್ನೆ ಮಾಡಿದ.

"ನೋಡಿ, ಬಗ್ಗಿ ನಮಸ್ಕಾರ ಮಾಡ್ಬೇಕಂತೆ," ಎಂದ ಗೊತ್ತಪ್ಪ.

ಅತ್ತೆ ಮೊಣಕಾಲು ನೋವನ್ನು ಲೆಕ್ಕಿಸದೆ ಬಗ್ಗಿದರು. ಅಪ್ಪನೂ ಟೋಪಿ ತೆಗೆದು ಬಗ್ಗಿದರು. ಕಿವಿಯಿಟ್ಟರೆ ಒಳಗೆ ನಿಜಕ್ಕೂ ಉಸಿರಾಟ ಕೇಳಿಸಿತು. ಅಷ್ಟರಲ್ಲಿ ಬಾಗಿಲು ತೆರೆದು, ಒಂದು ಕೈಯಲ್ಲಿ ಬಕೆಟ್ಟು, ಇನ್ನೊಂದರಲ್ಲಿ ಪೊರಕೆ ಹಿಡಿದುಕೊಂಡು ಗುಡಿಸುವ ಹೆಂಗಸು ಹೊರಗೆ ಬಂದಳು. ಬಾಗಿಲೆದುರು ಬಗ್ಗಿ ನಿಂತಿದ್ದ ಹಿರಿಯರನ್ನು ಕಂಡು ಅವಳು ಗಾಬರಿಯಾಗಿ ಬಕೆಟ್ಟು ಕೈಬಿಟ್ಟಳು. ಸಾಬೂನಿನ ನೀರೆಲ್ಲ ಅಪ್ಪನ ಬೂಟಿನ ಒಳಗೆ ಹೋಯಿತು.

ಊಟದ ಹೊತ್ತಿನಲ್ಲಿ ಅಪ್ಪ ಬರಿಗಾಲಿನಲ್ಲಿ ಕೂತು, ಕಾಲುಚೀಲ ಹಿಂಡುತ್ತಾ, ತಂಗಿಯೊಂದಿಗೆ ಪಿಸುಗುಟ್ಟಿದರು. ಇನ್ನು ಸಂಜೆಯವರೆಗೆ ಕಾಯುವುದೇನೂ ಉಳಿದಿಲ್ಲ ಎಂಬುದಷ್ಟೇ ಈಚೆಗೆ ಕೇಳಿಸಿದ್ದು. ಹುಡುಗಿಯ ಕಣ್ಣು ತುಂಬಿತ್ತು. ಉಳಿದಿರುವುದು ಪಾಳು ಅರಮನೆಯೊಂದೇ, ಅಲ್ಲೂ ಬುರುಡೆ ಬಿಟ್ಟರೆ ನನ್ನನ್ನು ಮರೆತುಬಿಡು ಎಂದಳು. ಆದರೂ ಗೊತ್ತಪ್ಪನ ಧೈರ್ಯ ಕುಂದಲಿಲ್ಲ. ಹೋದ ಮಾನವನ್ನು ಒಂದೇ ಏಟಿಗೆ ವಾಪಸು ತರಬೇಕಾದರೆ ಎಲ್ಲರಿಗಿಂತ ಮೊದಲು, ಬೇರೆ ಪ್ರವಾಸಿಗರ ಗುಂಪು ಸೇರುವ ಮುಂಚೆ, ಅರಮನೆ ತೋರಿಸಬೇಕೆಂದು ಲೆಕ್ಕ ಹಾಕಿದ. ಡ್ರೈವರಿನ ಪಕ್ಕ ಕೂತು, ನನಗೆ ಒಳದಾರಿ ಗೊತ್ತು, ಎಡಕ್ಕೆ ತಿರುಗಿಸು ಎಂದ.

ಗೈಡು ಹಿಂದಿನ ಸೀಟಿನಿಂದ ಎದ್ದು ನಿಂತು ಬಲಕ್ಕೆ ಬಲಕ್ಕೆ ಎಂದು ತೋರಿಸಿದ. ಬಲಗಡೆ ಹಿಂದೆ ಯುದ್ಧವಾಗಿತ್ತೆಂದು ಹೇಳುತ್ತಿದ್ದಾನೆ ಎಂದು ಗೊತ್ತಪ್ಪ ಅರ್ಥ ಹೇಳಿದ. ಗೈಡು ತಲೆ ಚಚ್ಚಿಕೊಂಡ. ಸೋತವರ ಹೆಂಡತಿಯರು ಹಾಗೆಯೇ ಅತ್ತರಂತೆ ಎಂದ ಗೊತ್ತಪ್ಪ. ಆಮೇಲೆ ಗೈಡು ಮಫ್ಲರನ್ನು ಮುಖದ ಮೇಲೆಳೆದುಕೊಂಡು ಮಲಗಿಬಿಟ್ಟ.

ಒಳದಾರಿ ತಿರುಗಿ, ತಿರುಗಿ, ಪೊದೆಗಳ ನಡುವೆ ಒಂದು ಬಯಲಿಗೆ ಬಂದು ನಿಂತಿತು. ಎದುರಿಗೆ ನಿಜಕ್ಕೂ ದೊಡ್ಡ ಪಾಳು. ಅಗಲವಾದ ಮೆಟ್ಟಿಲು, ಓರೆಯಾಗಿ ನಿಂತ ಕಂಬಗಳ ಸಾಲು, ನೆಲಕ್ಕೆ ಒರಗಿದ ಚಾವಣಿ, ಅದರ ಬಿರುಕಿನಲ್ಲಿ ಬೆಳೆದ ಗಿಡ. ಟಿಕೆಟ್ಟಿನ ಕಿಟಕಿಯಿಲ್ಲ, ಜನರಿಲ್ಲ. ಗೊತ್ತಪ್ಪನ ಎದೆ ಉಬ್ಬಿತು. ನಾನು ಹೇಳಲಿಲ್ಲವೇ ಎನ್ನುವ ಹಾಗೆ ಸುತ್ತ ನೋಡಿದ. ಅಪ್ಪ ಮೆಟ್ಟಿಲ ಬುಡದಲ್ಲಿ ಒದ್ದೆ ಬೂಟಿನಲ್ಲೇ ನಿಂತುಬಿಟ್ಟಿದ್ದರು. ಮುಖದ ಬಣ್ಣವೇ ಬದಲಾಗಿತ್ತು. ಅವರಿಗೆ ಜಾಗ ಹಿಡಿಸಿತು ಎಂದುಕೊಂಡು ಇವನಿಗೆ ಆನೆಯ ಬಲ ಬಂತು.

"ಇದೇ ಸಾರ್ ಸಭಾಭವನ," ಎಂದ.

"ಸಭಾಭವನ ಅಂತ ನಿಮಗೆ ಹೇಗೆ ಗೊತ್ತು?" ಅಪ್ಪನ ದನಿ ಸಣ್ಣಗಾಗಿತ್ತು.

"ನೋಡಿದ್ರೇ ಗೊತ್ತಾಗಲ್ವಾ ಸಾರ್."

ಅತ್ತೆ ಸುಮ್ಮನಿರುವವರಲ್ಲ. ಕಂಬದ ತಲೆಯಿಂದ ಹೊರಚಾಚಿದ ತುಕ್ಕು ಹಿಡಿದ ಕಂಬಿಗಳು ಯಾಕೆಂದು ಕೇಳಿದರು. ಬಾವುಟ ಕಟ್ಟುವುದಕ್ಕೆ ಎಂದ ಗೊತ್ತಪ್ಪ. ಗೋಡೆಯೊಳಗೆ ಓಡಿದ್ದ ಕೊಳವೆಯನ್ನು ಕೇಳಿದರು. ಅರಸ ಒಳಗಿನಿಂದ ಪಿಸುಗುಟ್ಟಿದ್ದನ್ನು ಹೊರಗಿನ ಕಾವಲುಗಾರರು ಕೇಳಿಸಿಕೊಳ್ಳುತ್ತಿದ್ದದ್ದು ಇದರಲ್ಲೇ ಎಂದ. ಆಮೇಲೆ ಅವರು ಮುರಿದ ಗೋಡೆಯ ಹಿಂದೆ ಹೋಗಿ ಅಲ್ಲಿಂದಲೇ ಕರೆದರು.

"ಅಲ್ಲಾ, ಈ ನೀಲಿ ಟೈಲ್ಸು ನಮ್ಮಣ್ಣನ ಮನೆ ಬಚ್ಚಲಲ್ಲೂ ಇದೆಯಲ್ಲ. ಇದೇ ಹೂವು, ಇದೇ ಎಲೆ."

"ರಾಣಿಯರ ಸ್ನಾನದ ಕೋಣೆ ಅಮ್ಮಾ ಅದು. ಅಲ್ಲಿಂದಲೇ ಆ ಡಿಸೈನು ಈಗಿನೋರಿಗೆ ಬಂದಿದ್ದು."

ಹುಡುಗಿ ಆ ಟೈಲ್ಸ್ ನೋಡಿದಳು, ಅಪ್ಪನ ಮುಖ ನೋಡಿದಳು, ಬಿಳಿಚಿಕೊಂಡಳು. ಬಂದು ಗೊತ್ತಪ್ಪನ ಕಾಲನ್ನು ಬಲವಾಗಿ ತುಳಿದಳು. ಮೆಚ್ಚುಗೆಯಿಂದ ತುಳಿದಳೆಂದು ತಿಳಿದು ಇವನು ಬಂಡೆಯಷ್ಟು ದೊಡ್ಡದೊಂದು ಗೋಡೆಯ ತುಂಡಿನ ಮೇಲೆ ಹತ್ತಿ ನಿಂತ. ಅಂಗಡಿಯಲ್ಲಿ ಅತಿ ದುಬಾರಿಯ ಪರದೆ ಬಿಚ್ಚಿ ಹರಡುವಾಗ ಬರುವ ದನಿ ಬಂತು.

"ಇದನ್ನ ಕಟ್ಟಿದೋನು ಸಾಮಾನ್ಯ ಮನುಷ್ಯ ಅಲ್ಲ ಸಾರ್. ಕೈಯಲ್ಲಿ ಕಟ್ಟಿದ್ದಲ್ಲ, ಮನಸ್ಸಲ್ಲಿ ಕಟ್ಟಿದ್ದು. ಆ ಕಂಬ ನೋಡಿ, ಬಾಗಿದ್ರೂ ಅದರಲ್ಲಿ ಒಂದು ಗಾಂಭೀರ್ಯ ಇದೆ. ಇದು ಬಿದ್ದಿದ್ದಲ್ಲ, ಬೀಳಿಸಿದ್ದು. ಹೊಟ್ಟೆಕಿಚ್ಚಿನೋರು."

"ಹೊಟ್ಟೆಕಿಚ್ಚಿನೋರಾ?" ಎಂದರು ಅಪ್ಪ.

"ಮತ್ತಿನ್ನೇನು ಸಾರ್. ಇಂಥಾ ಕೆಲಸ ತಾನಾಗೇ ಬೀಳುತ್ತಾ? ಇದನ್ನ ಕಟ್ಟಿದೋನು ಸಿಕ್ಕಿದ್ರೆ ನಾನು ಕಾಲಿಗೆ ಬೀಳ್ತಿದ್ದೆ."

ಅಪ್ಪ ಕನ್ನಡಕ ತೆಗೆದರು. ಈ ಸಲ ಒರೆಸಿದ್ದು ಕನ್ನಡಕವನ್ನಲ್ಲ, ಕಣ್ಣನ್ನು. ಗೊತ್ತಪ್ಪನ ಹೆಗಲ ಮೇಲೆ ಕೈಹಾಕಿ ಕಂಬದ ಮರೆಗೆ ಕರೆದುಕೊಂಡು ಹೋದರು. ಹೋಗಿ, ಇಷ್ಟು ವರ್ಷ ತಾವಾಗಿ ಯಾರ ಮುಂದೆಯೂ ಬಾಯಿಬಿಟ್ಟು ಆಡದ್ದನ್ನು ಹೇಳಿದರು. ಇದು ಅರಮನೆಯಲ್ಲ. ಸರ್ಕಾರದ ಸಭಾಭವನ. ಕಟ್ಟಿದ್ದು ಅವರೇ. ಉದ್ಘಾಟನೆಯ ಹಿಂದಿನ ದಿನ, ಪುಣ್ಯಕ್ಕೆ ಒಳಗೆ ಯಾರೂ ಇಲ್ಲದಾಗ, ಇಡೀ ಕಟ್ಟಡ ಕೂತುಹೋಯಿತು. ಪತ್ರಿಕೆಯವರು ಬರೆದರು, ಇಂಜಿನಿಯರುಗಳು ನಕ್ಕರು, ಕೆಲಸ ಹೋಯಿತು. ಮನೆಯಲ್ಲಿ ಮಗಳು ಕೂಡ ಆವತ್ತಿನಿಂದ ತಮ್ಮ ಮುಖ ನೋಡುವ ಮೊದಲು ಚಾವಣಿ ನೋಡುತ್ತಾಳೆ. ಅದು ತಾನಾಗಿ ಬಿದ್ದದ್ದಲ್ಲ ಎಂದು ಇವತ್ತಿನವರೆಗೆ ಒಬ್ಬನೇ ಒಬ್ಬ ಮನುಷ್ಯ ಹೇಳಿರಲಿಲ್ಲ.

ಗೊತ್ತಪ್ಪನ ಕಾಲ ಕೆಳಗಿನ ನೆಲ ಜಾರಿದಂತಾಯಿತು. ನಿಂತ ಜಾಗ ಅಂಥದ್ದೇ ಆದ್ದರಿಂದ ನಿಜಕ್ಕೂ ಜಾರಿತೇನೋ ಎಂದು ಬಗ್ಗಿಯೂ ನೋಡಿಕೊಂಡ.

"ನಿಜ ಹೇಳಿ. ಇದು ನಂದು ಅಂತ ತಿಳಿದೇ ನನ್ನನ್ನ ಇಲ್ಲಿಗೆ ಕರ್ಕೊಂಡು ಬಂದ್ರಿ, ಅಲ್ವಾ?" ಎಂದು ಅಪ್ಪ ಕೇಳಿದರು.

ಇಲ್ಲ ಎನ್ನಲು ಅದೇ ಕೊನೆಯ ಅವಕಾಶ. ಅಭ್ಯಾಸಬಲ ಎಂಬುದೊಂದಿದೆಯಲ್ಲ, ಅದು ಮನುಷ್ಯನನ್ನು ಕೇಳಿ ಬಾಯಿ ತೆರೆಯುವುದಿಲ್ಲ.

"ಗೊತ್ತಿತ್ತು ಮಾವ," ಎಂದುಬಿಟ್ಟ.

ಮಾವ ಅವನನ್ನು ತಬ್ಬಿಕೊಂಡರು. ಸಂಜೆಯವರೆಗೆ ಯಾಕೆ ಕಾಯಬೇಕು, ಮಗಳು ನಿಮ್ಮವಳು ಎಂದರು. ಅತ್ತೆಯನ್ನು ಕರೆದು ಹೇಳಿದರು, ಡ್ರೈವರಿಗೂ ಹೇಳಿದರು, ಮಫ್ಲರಿನೊಳಗೆ ನಿದ್ದೆಹೋಗಿದ್ದ ಗೈಡನ್ನು ಎಬ್ಬಿಸಿ ಅವನಿಗೂ ಹೇಳಿದರು. ಗೊತ್ತಪ್ಪನಿಗೆ ಲೋಕವನ್ನೇ ಗೆದ್ದಂತಾಯಿತು. ಇಂಥ ಮಾವನ ಕೆಲಸವನ್ನು ಹೊಗಳಿದ್ದರಿಂದ ನಷ್ಟವೇನು, ಕಟ್ಟಡ ಹೇಗಿದ್ದರೂ ಬಿದ್ದಾಗಿದೆ ಎಂದುಕೊಂಡ.

"ಇನ್ನೊಂದು ಮಾತು ಅಳಿಯಂದ್ರೇ," ಎಂದರು ಮಾವ. "ನನ್ನ ಕೆಲಸ ಅರಿತೋರನ್ನ ನಾನು ಬಾಡಿಗೆ ರೂಮಲ್ಲಿ ಬಿಡ್ತೀನಾ? ಮಗಳಿಗೆ ಅಂತಲೇ ಒಂದು ಮನೆ ಕಟ್ಟಿಟ್ಟಿದೀನಿ. ಪ್ಲಾನು ನಂದೇ, ಉಸ್ತುವಾರಿ ನಂದೇ. ಹೆದರಿಕೊಂಡು ಯಾರೂ ಬಾಡಿಗೆಗೆ ಬರ್ಲಿಲ್ಲ, ಹೊಟ್ಟೆಕಿಚ್ಚಿನ ಜನ. ನೀವು ಕೆಳಗಡೆ ಇರಿ. ನಿಮ್ಮಂಥೋರು ಬಂದ ಮೇಲೆ ನಂಗೂ ಹುರುಪು ಬಂದಿದೆ, ಮೇಲೆ ಇನ್ನೂ ಎರಡು ಮಹಡಿ ಎತ್ತಿಸ್ತೀನಿ. ಕಂಬ ಎಲ್ಲ ಇದೇ ನಮೂನೆ."

ಹೀಗೆಂದು ಅವರು ಪಕ್ಕದ ಕಂಬವನ್ನು ಮಗುವಿನ ಬೆನ್ನು ತಟ್ಟಿದ ಹಾಗೆ ತಟ್ಟಿದರು. ಮೇಲಿನಿಂದ ಒಂದು ಹೆಂಟೆ ಗಾರೆ ಕಳಚಿ ಇಬ್ಬರ ನಡುವೆ ಬಿತ್ತು. ಮಾವ ಅದನ್ನು ಕಾಲಿನಿಂದ ಪಕ್ಕಕ್ಕೆ ಸರಿಸಿ, ಮಹಡಿಯ ಅಳತೆ ಹೇಳುತ್ತಾ ವ್ಯಾನಿನ ಕಡೆ ನಡೆದರು.

ವಾಪಸು ಹೊರಟಾಗ ಗೊತ್ತಪ್ಪನಿಗೆ ಹುಡುಗಿಯ ಪಕ್ಕದ ಸೀಟು ಸಿಕ್ಕಿತು, ಅಧಿಕೃತವಾಗಿ. ಅವಳು ಮುಖ ತಿರುಗಿಸಿ ಕಿಟಕಿಯ ಹೊರಗೆ ನೋಡುತ್ತಿದ್ದಳು. ಮುಂದೆ ಅಪ್ಪ ಮತ್ತು ಅತ್ತೆ ಯಾವ ಕೋಣೆ ಯಾವ ದಿಕ್ಕಿಗೆ ಎಂದು ಜಗಳವಾಡುತ್ತಿದ್ದರು. ಇವನು ಮೆಲ್ಲಗೆ, ಹೇಗೋ ಒಪ್ಪಿದರಲ್ಲ, ಮನೆಯ ವಿಷಯ ಆಮೇಲೆ ನೋಡೋಣ, ನೀನು ಸ್ವಲ್ಪ ನಗು ಎಂದ.

"ಅಪ್ಪ ಕೊಟ್ಟಿದ್ದನ್ನ ಬೇಡ ಅನ್ನೋಕಾಗಲ್ಲ. ಇನ್ನು ಅದೇ ನಮ್ಮನೆ," ಎಂದಳು ಅವಳು. "ಅಪ್ಪನೇ ಕಟ್ಟಿದ ಆ ನೀಲಿ ಟೈಲ್ಸಿನ ಮನೇಲಿ ರಾತ್ರಿಯೆಲ್ಲ ಬಿರುಕು ನೋಡ್ತಾ ಮಲಗಿ ಬೆಳೆದೋಳು ನಾನು. ಅಪ್ಪ ಕಟ್ಟದೇ ಇರೋ ಒಂದು ಸೂರಿನ ಕೆಳಗೆ ಕಣ್ತುಂಬ ನಿದ್ದೆ ಮಾಡ್ಬೇಕು ಅನ್ನೋದೊಂದೇ ಆಸೆ ಇದ್ದಿದ್ದು ನಂಗೆ. ನಿನ್ನ ಹತ್ರ ಏನು ನೋಡಿ ಒಪ್ಪಿದ್ದೆ ಅಂದ್ಕೊಂಡೆ? ಆ ಬಾಡಿಗೆ ರೂಮು ಕಣೋ."