ಮೂರು ಸಲ ಸತ್ತ ಸೀಗಡಿಗಳ ಕುರಿತು ಅವುಗಳ ತಯಾರಕರಿಗೆ

ಉಪ್ಪುನೀರಿನ ಸೀಗಡಿಯ ಮೊಟ್ಟೆಗಳನ್ನು ಒಣಗಿಸಿ, ಪೊಟ್ಟಣ ಕಟ್ಟಿ, ಆಟಿಕೆ ಅಂಗಡಿಯಲ್ಲಿ ಮಾರುವ ಕಂಪನಿಯ ಮುಖ್ಯಸ್ಥರ ಸನ್ನಿಧಾನಕ್ಕೆ, ಐರ್ಲೆಂಡಿನ ಆಡಮ್ಸ್‌ಟೌನಿನ ಬಾಡಿಗೆ ಮನೆಯೊಂದರ ಅಡುಗೆಕೋಣೆಯಿಂದ ದೊಡ್ಡಯ್ಯನೆಂಬವನು ಕೈಮುಗಿದು ಬರೆಯುವ ಬಹಿರಂಗ ಪತ್ರ.

ಮಾನ್ಯರೇ,

ತಾವು ಸಕುಟುಂಬರಾಗಿ ಸುಖವಾಗಿದ್ದೀರೆಂದು ನಂಬಿ ಆರಂಭಿಸುತ್ತೇನೆ. ತಮ್ಮನ್ನು ಹೆಸರು ಹಿಡಿದು ಸಂಬೋಧಿಸುವ ಆಸೆಯಿತ್ತು, ಆದರೆ ಪೆಟ್ಟಿಗೆಯ ಮೇಲೆ ಕಂಪನಿಯ ಹೆಸರನ್ನು ಅಲೆಗಳ ಆಕಾರದಲ್ಲಿ ಬರೆಸಿರುವುದರಿಂದ ಎರಡು ಕನ್ನಡಕ ಬದಲಾಯಿಸಿದರೂ ಓದಲಾಗಲಿಲ್ಲ. ದೂರು ಬರುವ ಸಂಭವವಿರುವವರು ಹೆಸರನ್ನು ಹೀಗೆಯೇ ಬರೆಸಬೇಕು, ತಮ್ಮ ಮುಂದಾಲೋಚನೆಗೆ ನನ್ನ ನಮಸ್ಕಾರ. ಕನ್ನಡದಲ್ಲಿ ಬರೆದರೆ ಅಲ್ಲಿ ಯಾರು ಓದುತ್ತಾರೆಂದು ನನ್ನ ಮಗಳು ನೀರಜಾ ಕೇಳಿದಳು. ನೀರು ಸರಬರಾಜಿನ ಎಂಜಿನಿಯರಾಗಿ ಮೂವತ್ತನಾಲ್ಕು ವರ್ಷ ನಾನು ಬರೆದ ಪತ್ರಗಳನ್ನು ಕನ್ನಡ ಬಲ್ಲವರೇ ಓದದೆ ಫೈಲಿಗೆ ಸೇರಿಸಿದ್ದಾರೆ, ಹಾಗಾಗಿ ಓದಲು ಬಾರದವರು ಓದದಿದ್ದರೆ ನನಗೆ ಬೇಸರವೇನೂ ಇಲ್ಲ.

ನಾನು ತೊಂಬತ್ತು ದಿನಗಳ ವೀಸಾದ ಮೇಲೆ ಇಲ್ಲಿಗೆ ಬಂದವನು. ಮೊಮ್ಮಗಳು ಮಾನ್ಯಾಳನ್ನು ಶಾಲೆಯಿಂದ ಕರೆತಂದು, ಲೆಪರ್ಡ್ಸ್‌ಟೌನಿನ ಆಫೀಸಿನಿಂದ ನೀರಜಾ ಬರುವವರೆಗೆ ನೋಡಿಕೊಳ್ಳುವುದು ನನ್ನ ಕೆಲಸ. ಮಾನ್ಯಾಳ ಎಂಟನೇ ಹುಟ್ಟುಹಬ್ಬಕ್ಕೆ ತಮ್ಮ ಕಂಪನಿಯ ಪೆಟ್ಟಿಗೆ ನೀರಜಾಳ ಸಹೋದ್ಯೋಗಿಯೊಬ್ಬರಿಂದ ಉಡುಗೊರೆಯಾಗಿ ಬಂತು. ಮುಚ್ಚಳದ ಮೇಲೆ ಕಿರೀಟ ಧರಿಸಿ, ಕಣ್ಣಿಗೆ ಕಾಡಿಗೆ ಹಚ್ಚಿಕೊಂಡು ಕೈಬೀಸುತ್ತಿರುವ ಸೀಗಡಿಯ ಚಿತ್ರ. ಒಳಗೆ ನಾಲ್ಕು ಲೋಟ ನೀರು ಹಿಡಿಯುವ ಪ್ಲಾಸ್ಟಿಕ್ ತೊಟ್ಟಿ, ಉಪ್ಪು, ಮೊಟ್ಟೆ ಮತ್ತು ಹಸಿರು ಹಿಟ್ಟಿನಂಥ ಆಹಾರದ ಪೊಟ್ಟಣಗಳು. ಒಣಸೀಗಡಿ ಹುರಿದು ಗೊಜ್ಜು ಮಾಡಿ ಮುದ್ದೆಯ ಜೊತೆ ನುಂಗುವ ಮನೆತನ ನಮ್ಮದು. ಸೀಗಡಿಗೇ ಊಟ ಬಡಿಸುವ ಭಾಗ್ಯ ಅರವತ್ತೇಳನೇ ವಯಸ್ಸಿನಲ್ಲಿ ತಮ್ಮಿಂದ ಒದಗಿತು.

ತಮ್ಮ ಕೈಪಿಡಿಯನ್ನು ನಾನು ಓದಲಿಲ್ಲವೆಂದು ತಾವು ಭಾವಿಸಬಾರದು. ಎಂಟು ಭಾಷೆಗಳಲ್ಲಿ, ಇರುವೆ ಸಾಲಿನಂಥ ಅಕ್ಷರಗಳಲ್ಲಿ ತಾವು ಮುದ್ರಿಸಿದ ಆ ಗ್ರಂಥವನ್ನು ಇಂಗ್ಲಿಷಿನಲ್ಲಿ ಆದ್ಯಂತ ಓದಿದೆ. ಗಾಜಿನ ಅಥವಾ ಪ್ಲಾಸ್ಟಿಕ್ಕಿನ ಪಾತ್ರೆಯನ್ನಷ್ಟೇ ಬಳಸಿ, ಲೋಹ ಬೇಡ ಎಂಬ ಸಾಲು ಬಂದಾಗ ನಕ್ಕುಬಿಟ್ಟೆ. ಪ್ಲಾಸ್ಟಿಕ್ ಮಾರುವವರು ಪ್ಲಾಸ್ಟಿಕ್ಕನ್ನು ಹೊಗಳದೆ ಇನ್ನೇನು ಮಾಡಿಯಾರು? ಒಂದು ಇಡೀ ಪಟ್ಟಣಕ್ಕೆ ನೀರು ಕುಡಿಸಿದವನಿಗೆ ನಾಲ್ಕು ಲೋಟ ನೀರಿನ ವಿಷಯದಲ್ಲಿ ಉಪದೇಶ ಮಾಡುವ ತಮ್ಮ ಧೈರ್ಯವನ್ನು ಮೆಚ್ಚಿಕೊಂಡು, ನಾನು ಊರಿನಿಂದ ಶಾಲಿನಲ್ಲಿ ಸುತ್ತಿ ಸೂಟ್‌ಕೇಸಿನಲ್ಲಿ ತಂದಿದ್ದ ತಾಮ್ರದ ಬಿಂದಿಗೆಯನ್ನು ತೆಗೆದೆ. ನಲವತ್ತು ವರ್ಷದಿಂದ ತಾಮ್ರದಲ್ಲಿಟ್ಟ ನೀರನ್ನೇ ಕುಡಿದು ಒಂದು ದಿನವೂ ಹೊಟ್ಟೆನೋವು ಕಾಣದವನು ನಾನು. ತಮ್ಮ ಉಪ್ಪನ್ನು ಆ ಬಿಂದಿಗೆಯಲ್ಲಿಯೇ ಕರಗಿಸಿ, ರಾತ್ರಿಯಿಡೀ ಬಿಟ್ಟು, ಬೆಳಿಗ್ಗೆ ತೊಟ್ಟಿಗೆ ತುಂಬಿದೆ; ಆವಿಯಾಗಿ ಕಡಿಮೆಯಾದಷ್ಟನ್ನು ದಿನವೂ ಅದೇ ಬಿಂದಿಗೆಯಿಂದ ಸರಿದೂಗಿಸಿದೆ. ನೀರು ತೆಳುಹಸಿರಿಗೆ ತಿರುಗಿತು. ಹಸಿರಾದರೆ ಪಾಚಿ ಬಂದಿದೆ, ಅದು ಶುಭಲಕ್ಷಣ ಎಂದು ತಮ್ಮ ಕೈಪಿಡಿ ಹೇಳುತ್ತದೆ. ಅದರಲ್ಲಿ ನಾನು ಪೂರ್ಣವಾಗಿ ಒಪ್ಪಿದ ಒಂದೇ ವಾಕ್ಯ ಅದು.

ಎರಡನೆಯ ದಿನ ಧೂಳಿನ ಕಣದಂಥ ಜೀವಗಳು ಕುಣಿಯತೊಡಗಿದವು. ಮಾನ್ಯಾ ಶಾಲೆಯ ಚೀಲವನ್ನೂ ಇಳಿಸದೆ ತೊಟ್ಟಿಯ ಮುಂದೆ ಕೂರುತ್ತಿದ್ದಳು. ತಮ್ಮ ಪ್ರಜೆಗಳಿಗೆ ಬೆಚ್ಚಗಿನ ನೀರು ಬೇಕೆಂದು ತೊಟ್ಟಿಗೆ ಹೀಟರ್ ಹಾಕಿ, ನಾವು ಮಾತ್ರ ಕೋಟು ಹೊದ್ದು ಕಾಫಿ ಕುಡಿದೆವು. ಐದನೆಯ ದಿನ ಎಲ್ಲವೂ ತಳದಲ್ಲಿದ್ದವು. ತಮ್ಮ ಮೊಟ್ಟೆಗಳೇ ಹಳಸಲು ಎಂದು ತೀರ್ಮಾನಿಸಿ ತಮ್ಮ ವೆಬ್‌ಸೈಟಿನಲ್ಲಿರುವ ಉತ್ತರ ಕೊಡುವ ಯಂತ್ರಕ್ಕೆ ದೂರಿತ್ತೆ. ನನ್ನ ದುಃಖ ಅದಕ್ಕೆ ಅರ್ಥವಾಗುತ್ತದೆಂದೂ, ಕೈಪಿಡಿಯನ್ನು ಓದಬೇಕೆಂದೂ, ನನ್ನ ದಿನ ಸುಂದರವಾಗಿರಲೆಂದೂ ಅದು ಬರೆಯಿತು. ಇಷ್ಟು ವಿನಯವಾಗಿ ಏನನ್ನೂ ಹೇಳದಿರುವ ಕಲೆ ನಮ್ಮ ಇಲಾಖೆಗೂ ಕೊನೆಯವರೆಗೆ ಸಿದ್ಧಿಸಲಿಲ್ಲ.

ಎರಡನೆಯ ಪೊಟ್ಟಣ ತರಿಸಿ, ಮತ್ತೆ ಬಿಂದಿಗೆಯಲ್ಲಿಯೇ ನೀರು ಸಿದ್ಧಮಾಡಿದೆ. ಈ ಸಲ ನನ್ನ ಅನುಮಾನ ಐರ್ಲೆಂಡಿನ ಮೇಲಿತ್ತು. ಇಲ್ಲಿನ ಕೆಟಲಿನ ತಳ ನೋಡಿದರೆ ಸಾಕು, ನೀರಿನಲ್ಲಿ ಸುಣ್ಣವೆಷ್ಟೆಂದು ತಿಳಿಯುತ್ತದೆ. ಸೂರ್ಯನೋ, ಸಹಿ ಹಾಕಿ ಮನೆಗೆ ಹೋಗುವ ನೌಕರನ ಹಾಗೆ ಬಂದು ಹೋಗುತ್ತಾನೆ. ಗಾಳಿ ಗುಳ್ಳೆಯೆಬ್ಬಿಸುವ ಪಂಪು ಹಾಕಿದೆ, ದೀಪ ಕಟ್ಟಿದೆ, ತೊಟ್ಟಿಯನ್ನು ಒಂದು ಕಿಟಕಿಯಿಂದ ಇನ್ನೊಂದು ಕಿಟಕಿಗೆ ಹೊತ್ತು ತಿರುಗಿದೆ. ಆರು ದಿನ ಬದುಕಿದವು.

ಮೂರನೆಯ ಸಲವೂ ಹಾಗೆಯೇ ಆದಾಗ ಕಂಪನಿ ಮುಗಿದಿತ್ತು, ದೇಶ ಮುಗಿದಿತ್ತು, ಆರೋಪ ಹೊರಿಸಲು ಮನೆಯಲ್ಲಿ ಉಳಿದದ್ದು ಮಾನ್ಯಾ ಒಬ್ಬಳೇ. ಐದು ದಿನಕ್ಕೊಮ್ಮೆ ತಮ್ಮ ಪುಟ್ಟ ಚಮಚದ ಅಳತೆಯಲ್ಲಿ, ಕೈಪಿಡಿಯಲ್ಲಿದ್ದಂತೆಯೇ, ಅವಳು ಆಹಾರ ಉದುರಿಸುತ್ತಿದ್ದಳು. ನಾನು ಆ ಚಮಚವನ್ನು ಅವಳ ಕೈಯಿಂದ ಕಿತ್ತುಕೊಂಡು, ನೀನೇ ಅತಿಯಾಗಿ ತಿನ್ನಿಸಿ ಕೊಂದೆ ಎಂದೆ. ಅವಳು ಅಳಲಿಲ್ಲ. ಸಾರಿ ತಾತ ಎಂದು ಹೇಳಿ ಶೂ ಬಿಚ್ಚಲು ಹೋದಳು.

ಮುಂದಿನ ವಾರ ನೀರಜಾ ಒಂದು ಸುದ್ದಿ ತಂದಳು. ಮಾನ್ಯಾಳ ತರಗತಿಯಲ್ಲಿ ಮರ್ಫಿ ಎಂಬ ಹ್ಯಾಮ್‌ಸ್ಟರ್ ಇದೆ. ಅಂಗೈಯಲ್ಲಿ ಕೂರುವಂಥ ಇಲಿಯ ಜಾತಿ. ಶುಕ್ರವಾರ ಒಂದೊಂದು ಮಗು ಸರದಿಯಂತೆ ಅದನ್ನು ಮನೆಗೊಯ್ದು ಸೋಮವಾರ ಹಿಂದಿರುಗಿಸಬೇಕು. ಮಾನ್ಯಾ ತನ್ನ ಸರದಿ ಬರುವ ಮೊದಲೇ ಟೀಚರ್ ಹತ್ತಿರ ಹೋಗಿ ಪಟ್ಟಿಯಿಂದ ಹೆಸರು ತೆಗೆಸಿಕೊಂಡಿದ್ದಳು.

"ಐ'ಮ್ ನೋ ಗುಡ್ ಅಟ್ ಮೈಂಡಿಂಗ್ ಥಿಂಗ್ಸ್ ಅಂದ್ಳಂತೆ ಅಪ್ಪಾ. ಏನನ್ನೂ ನೋಡ್ಕೊಳ್ಳಕ್ಕೆ ಬರಲ್ವಂತೆ ಅವಳಿಗೆ. ವರ್ಷದಿಂದ ಕಾಯ್ತಿದ್ಲು" ಎಂದಳು ನೀರಜಾ. ಆಗಲೂ ನಾನು, ಮಗುವಿಗೆ ಈಗಲಾದರೂ ಜವಾಬ್ದಾರಿ ತಿಳಿಯಿತಲ್ಲ ಎಂದು ತಲೆಯಾಡಿಸಿದೆ. ಇದನ್ನೂ ದಾಖಲಿಸುತ್ತಿದ್ದೇನೆ, ಏಕೆಂದರೆ ಬಹಿರಂಗ ಪತ್ರವೆಂದ ಮೇಲೆ ಅರ್ಧ ಬಹಿರಂಗಪಡಿಸುವುದು ಸರಿಯಲ್ಲ.

ನಮ್ಮ ಮನೆಯ ಮಹಡಿಯ ಚಿಕ್ಕ ಕೋಣೆಯಲ್ಲಿ ನಿಖಿತಾ ಎಂಬ ಹಾಸನದ ಹುಡುಗಿ ಬಾಡಿಗೆಗಿದ್ದಾಳೆ, ಇಲ್ಲಿ ಮಾಸ್ಟರ್ಸ್ ಓದುತ್ತಾಳೆ. ಕಳೆದ ಭಾನುವಾರ ಮಳೆ ಬಂತೆಂದು ಅವಳ ಕೋಣೆಯ ಕಿಟಕಿ ಮುಚ್ಚಲು ಹೋದೆ. ಅಲ್ಲೊಂದು ಖಾಲಿ ಜಾಮ್ ಬಾಟಲಿ, ಅದರಲ್ಲಿ ತಮ್ಮ ಸೀಗಡಿಗಳು. ಹನ್ನೊಂದು ಇದ್ದವು. ಎಲ್ಲವೂ ಅಂಗಾತ ಮಲಗಿದ್ದನ್ನು ಕಂಡು ಇವೂ ಸತ್ತವೆಂದುಕೊಂಡೆ, ಆಮೇಲೆ ನೋಡಿದರೆ ಹೊಟ್ಟೆ ಮೇಲೆ ಮಾಡಿಕೊಂಡೇ ಈಜುತ್ತಿವೆ. ಈ ಪ್ರಾಣಿಗಳ ಪದ್ಧತಿಯೇ ಹಾಗಂತೆ, ನಮ್ಮಲ್ಲಿ ಅಷ್ಟು ದಿನ ಉಳಿದಿದ್ದರೆ ತಾನೆ ನನಗೆ ಗೊತ್ತಾಗುವುದು. ಪಂಪಿಲ್ಲ, ಹೀಟರಿಲ್ಲ, ಅನುಭವಿಗಳ ಮೇಲ್ವಿಚಾರಣೆಯಿಲ್ಲ. ನಾನು ಬಾಟಲಿಗೆ ಕೈಯಿಡುವಷ್ಟರಲ್ಲಿ ಮಾನ್ಯಾ ಓಡಿಬಂದು ನನಗೂ ಕಿಟಕಿಗೂ ನಡುವೆ ನಿಂತಳು.

"ಪ್ಲೀಸ್ ತಾತ, ಡೋಂಟ್ ಹೆಲ್ಪ್ ದೆಮ್. ದೇ'ರ್ ಗ್ರ್ಯಾಂಡ್."

ಅವು ಚೆನ್ನಾಗಿಯೇ ಇವೆ, ದಯವಿಟ್ಟು ಸಹಾಯ ಮಾಡಬೇಡ ಎಂದು ಎಂಟು ವರ್ಷದ ಮಗು ನನ್ನನ್ನು ಬೇಡಿಕೊಂಡಿತು. ತಾನು ಮುಟ್ಟಿಲ್ಲ, ಬರೀ ನೋಡುತ್ತೇನೆ, ಅವು ನಿಖಿತಾ ಅಕ್ಕನವು ಎಂದು ಬೇರೆ ಸಮಜಾಯಿಷಿ ಕೊಟ್ಟಿತು. ಹಿಂದೆಯೇ ಬಂದ ನಿಖಿತಾ ನೆಲ ನೋಡುತ್ತಾ ನಿಂತಳು. ಒಂದು ದಿನ ತೆರೆದಿಟ್ಟ ನಲ್ಲಿ ನೀರಿಗೆ ಮಿಕ್ಕಿದ್ದ ಉಪ್ಪು, ಮಿಕ್ಕಿದ್ದ ಮೊಟ್ಟೆ ಹಾಕಿದ್ದಳಂತೆ. ಖಚಿತವಾಗಲೆಂದು ಎರಡು ವಾರ ಕಾದಿದ್ದಳಂತೆ.

"ಅಂಕಲ್, ತಾಮ್ರ ಇವಕ್ಕೆ ವಿಷ. ಉಪ್ಪುನೀರಿಗೆ ಇನ್ನೂ ಜಾಸ್ತಿ ಬಿಟ್ಕೊಳುತ್ತೆ. ಆ ಹಸಿರು ಪಾಚಿದಲ್ಲ. ನೀವು ದೊಡ್ಡವರು, ಹೇಗೆ ಹೇಳೋದು ಅಂತ ಗೊತ್ತಾಗ್ಲಿಲ್ಲ" ಎಂದಳು.

ಮಾನ್ಯರೇ, ಈಗ ನನ್ನ ದೂರಿಗೆ ಬರುತ್ತೇನೆ. ತಮ್ಮ ಎಚ್ಚರಿಕೆ ತೀರಾ ಸೌಮ್ಯವಾಗಿತ್ತು. ಲೋಹ ಬೇಡ ಎಂದು ಮೆಲ್ಲಗೆ ಹೇಳಿ ಮುಂದಿನ ಸಾಲಿಗೆ ಹೋಗಿಬಿಟ್ಟಿರಿ. ಎಲೈ ದೊಡ್ಡಯ್ಯ, ಬಿಂದಿಗೆ ಕೆಳಗಿಡು ಎಂದು ಗದರಿಸುವ ಹೊಣೆ ತಮ್ಮ ಮೇಲಿತ್ತು. ಈ ಮನೆಯಲ್ಲಿ ಮಗಳು ಹೇಳಲಾರಳು, ಬಾಡಿಗೆಗಿರುವವಳು ಹೇಳಲಾರಳು, ಮೊಮ್ಮಗಳು ಸಾರಿ ಎನ್ನುವುದನ್ನಷ್ಟೇ ಕಲಿತಿದ್ದಾಳೆ, ಇಷ್ಟು ಜನ ಹೆದರುವ ಮನುಷ್ಯನನ್ನು ತಡೆಯಲು ತಾವು ಇರುವೆ ಗಾತ್ರದ ಅಕ್ಷರಗಳನ್ನು ಕಳಿಸಿದಿರಿ. ಆದ್ದರಿಂದ ಮುಂದಿನ ಮುದ್ರಣದಲ್ಲಿ ಮುಚ್ಚಳದ ಮೇಲಿನ ಕಿರೀಟಧಾರಿಯನ್ನು ಇಳಿಸಿ ಅಲ್ಲಿ ನನ್ನ ಭಾವಚಿತ್ರವನ್ನು ಹಾಕಿ, ಕೆಳಗೆ ಕೆಂಪಕ್ಷರದಲ್ಲಿ, ಮನೆಯಲ್ಲಿ ಇಂಥವರಿದ್ದರೆ ಪೊಟ್ಟಣ ಒಡೆಯಬೇಡಿ ಎಂದು ಅಚ್ಚು ಹಾಕಿಸಬೇಕಾಗಿ ಕೋರುತ್ತೇನೆ.

ಎರಡನೆಯ ಕೋರಿಕೆ ತುರ್ತಿನದು. ಮೂರು ತಂಡಗಳ ಸಾವಿನಲ್ಲಿ ಕುಮಾರಿ ಮಾನ್ಯಾಳ ತಪ್ಪು ಎಳ್ಳಷ್ಟೂ ಇಲ್ಲವೆಂದು ತಮ್ಮ ಮೊಹರು ಒತ್ತಿದ ಪ್ರಮಾಣಪತ್ರವೊಂದನ್ನು ಗುರುವಾರದೊಳಗೆ ಕಳಿಸಿಕೊಡಬೇಕು; ಶುಕ್ರವಾರ ಅವಳ ಸರದಿ, ಹೆಸರನ್ನು ಮತ್ತೆ ಸೇರಿಸಲು ಟೀಚರ್ ಒಪ್ಪಿದ್ದಾರೆ, ಒಪ್ಪದವಳು ಅವಳೇ. ಇದನ್ನು ನೀವೇ ಹೇಳಬಹುದಲ್ಲ ಎಂದು ತಾವು ಕೇಳುವಿರಿ. ಕೇಳುವುದು ಸುಲಭ. ಮೂವತ್ತನಾಲ್ಕು ವರ್ಷದಲ್ಲಿ ಪೈಪು ಒಡೆದದ್ದಕ್ಕೆ, ಟ್ಯಾಂಕು ಸೋರಿದ್ದಕ್ಕೆ ಎಷ್ಟೋ ವಿವರಣೆ ಬರೆದಿದ್ದೇನೆ, ಒಂದರಲ್ಲಿಯೂ ತಪ್ಪು ನನ್ನದೆಂಬ ವಾಕ್ಯವಿಲ್ಲ. ಬಾಯಿಗೆ ರೂಢಿಯಿಲ್ಲ. ನಾಚಿಕೆಯಾಗುತ್ತಿದೆ, ಅದನ್ನು ಮರೆಮಾಚುವುದಿಲ್ಲ.

ಇಷ್ಟೆಲ್ಲ ಆದ ಮೇಲೂ ಬಿಂದಿಗೆಯ ನೀರನ್ನೇ ಕುಡಿಯುತ್ತಿರುವ,
ತಮ್ಮ ವಿಶ್ವಾಸಿ,
ದೊಡ್ಡಯ್ಯ

ತಾ.ಕ.: ಗುರುವಾರ ತಮ್ಮ ಕಡೆಯಿಂದ ಬಂದದ್ದು ಪ್ರಮಾಣಪತ್ರವಲ್ಲ, ತಮ್ಮ ಸೇವೆಗೆ ಎಷ್ಟು ನಕ್ಷತ್ರ ಕೊಡುವಿರೆಂಬ ಪ್ರಶ್ನೆ. ತಮ್ಮಂಥವರನ್ನು ನಂಬಿ ಕೂತರೆ ಮಗುವಿಗೆ ಮದುವೆ ವಯಸ್ಸಾದೀತೆಂದು, ಶಾಲೆಯಿಂದ ಬರುವ ದಾರಿಯಲ್ಲಿ ನಾನೇ ಹೇಳಿದೆ. ಬಿಂದಿಗೆ, ತಾಮ್ರ, ಹಸಿರು ನೀರು, ಎಲ್ಲವನ್ನೂ. ಅವಳು ನಿಂತು, "ಸೋ ಇಟ್ ವಾಸ್ ನೆವರ್ ಮಿ?" ಎಂದು ಕೇಳಿದಳು. "ನೀನಲ್ಲ ಪುಟ್ಟಿ, ನಾನು. ತಪ್ಪು ನಂದೇ" ಎಂದೆ. ರಸ್ತೆ ದಾಟಲು ಹಿಡಿದ ನನ್ನ ಕೈಯನ್ನು ದಾಟಿದ ಮೇಲೂ ಬಿಡಲಿಲ್ಲ. ಶುಕ್ರವಾರ ಮರ್ಫಿ ಮನೆಗೆ ಬಂತು. ಅದರ ಗೂಡನ್ನು ಹೊರುವ ಕೆಲಸ ನನಗೆ ಸಿಕ್ಕಿತು, ಕಾಳು ಹಾಕುವ ಅನುಮತಿಯೂ ಒಮ್ಮೆ ಸಿಕ್ಕಿತು. ಕುಡಿಯುವ ನೀರನ್ನು ಮಾತ್ರ ಅವಳು ಮೂರು ದಿನಕ್ಕಾಗುವಷ್ಟು ಶಾಲೆಯ ನಲ್ಲಿಯಿಂದಲೇ ಹಿಡಿದು ತಂದಿದ್ದಳು.