ಎದುರು ಮನೆಯ ಪೋಷಕ ನಟ

ಪರದೇಶದ ನಮ್ಮ ಕನ್ನಡ ಸಂಘದ ನಾಟಕಗಳಲ್ಲಿ ನಾನು ಹನ್ನೊಂದು ವರ್ಷಗಳಿಂದ ಅಭಿನಯಿಸುತ್ತಿದ್ದೇನೆ ಎಂದರೆ ಯಾರೂ ನಂಬುವುದಿಲ್ಲ. ನಂಬದವರಲ್ಲಿ ಆ ನಾಟಕಗಳನ್ನು ನೋಡಿದವರೂ ಸೇರಿದ್ದಾರೆ. ಗುಂಪಿನಲ್ಲಿ ನಿಂತು ಧಿಕ್ಕಾರ ಕೂಗಿದ್ದೇನೆ, ಬಸ್ಸಿಗೆ ಕಾದಿದ್ದೇನೆ, ಕೋರ್ಟಿನ ದೃಶ್ಯದಲ್ಲಿ ಪ್ರೇಕ್ಷಕರಿಗೆ ಬೆನ್ನು ಹಾಕಿ ಕೂತಿದ್ದೇನೆ. "ಬೆನ್ನು ಛಲೋ ಬಂದಿತ್ರಿ" ಎಂದಳು ಹೆಂಡತಿ ಗಿರಿಜಾ. ಅವಳು ಧಾರವಾಡದವಳು, ನಾನು ಮೈಸೂರಿನವನು. ನಮ್ಮ ಮದುವೆಯಲ್ಲಿ, ಅವರ ಕಡೆಯ ಪದ್ಧತಿಯಂತೆ, ನಾನು ಒಡಪು ಕಟ್ಟಿ ಹೆಂಡತಿಯ ಹೆಸರು ಹೇಳಬೇಕಿತ್ತು. ಪ್ರಾಸ ಹುಡುಕುತ್ತ ನಿಂತವನಿಗೆ ಹೆಸರೇ ಮರೆತುಹೋಯಿತು. ಅಂದಿನಿಂದ ನಮ್ಮತ್ತೆ ನನ್ನ ಸುದ್ದಿ ಬಂದಾಗಲೆಲ್ಲ "ಅಳಿಯಂದ್ರು ಭಾಳ ಒಳ್ಳೇವ್ರು, ಬಾಯಿ ಒಂದ್ ಇಲ್ಲ" ಎನ್ನುತ್ತಾರೆ.

ಹೀಗಿರುವಾಗ ಕಳೆದ ರಾಜ್ಯೋತ್ಸವದ ನಾಟಕದಲ್ಲಿ ನನಗೊಂದು ಮಾತು ಸಿಕ್ಕಿತು. ಆಳಿನ ಪಾತ್ರ. ಯಾರೋ ಬಂದು "ಸಾಹೇಬ್ರು ಅದಾರೇನು?" ಎಂದು ಕೇಳುತ್ತಾರೆ, ನಾನು "ಸಾಹೇಬ್ರು ಮನ್ಯಾಗ ಇಲ್ರಿ" ಎನ್ನಬೇಕು. ಧಾರವಾಡದಲ್ಲಿ ಅತ್ತೆ ಬೆಳಗಿನ ಚಹಾ ಹಿಡಿದುಕೊಂಡು ಫೋನಿನಲ್ಲಿ ನೋಡುವವರಿದ್ದರು. ಆ ಮೂರು ಪದಗಳಿಂದ ಮದುವೆಯ ದಿನದ ಅಪಖ್ಯಾತಿಯನ್ನು ತೊಳೆದುಕೊಳ್ಳಲೇಬೇಕೆಂದು ನಿರ್ಧರಿಸಿದೆ. ಆದರೆ ನನ್ನ ನಾಲಿಗೆಗೆ "ಮನೇಲಿಲ್ಲ" ಎಂಬುದೊಂದೇ ಗೊತ್ತು.

ನಾರ್ತ್ ಯಾರ್ಕಿನ ನಮ್ಮ ಅಪಾರ್ಟ್‌ಮೆಂಟಿನಲ್ಲಿ, ಎದುರು ಬಾಗಿಲಿನ ಮನೆಯಲ್ಲಿ, ಓದ್ವಾರ್ ಎಂಬ ನಾರ್ವೆಯ ಹಿರಿಯರೊಬ್ಬರು ಮಗಳ ಜೊತೆ ಇದ್ದಾರೆ. ಹೆಸರು ಕೇಳಿದ ದಿನ ಗಿರಿಜಾ "ಏನ್ ಓದ್ತಾರಂತ್ರಿ?" ಎಂದಿದ್ದಳು. ಅವರು ನಲವತ್ತು ವರ್ಷ ನಾಟಕ, ಸಿನಿಮಾ, ಟೀವಿಗಳಲ್ಲಿ ಸಣ್ಣ ಪಾತ್ರಗಳನ್ನೇ ಮಾಡಿದವರು. ಓಸ್ಲೋದ ರಂಗಮಂದಿರದಲ್ಲಿ ಒಂದೇ ನಾಟಕದಲ್ಲಿ ಮೂರು ಚಳಿಗಾಲ ಕಾಫಿ ತಂದುಕೊಟ್ಟರು. ಸಿನಿಮಾದಲ್ಲಿ ಪಾದ್ರಿಯಾದ ಮೇಲೆ ಅವರೂರಿನ ಮೀನಿನ ಅಂಗಡಿಯವನು ಅವರೆದುರು ಬೈಗುಳ ಆಡುವುದನ್ನು ಬಿಟ್ಟನಂತೆ. ಟೀವಿ ಧಾರಾವಾಹಿಯೊಂದರಲ್ಲಿ ಮೊದಲ ಕಂತಿನಲ್ಲೇ ಸತ್ತು, ಉಳಿದ ಕಂತುಗಳಲ್ಲೆಲ್ಲ ಗೋಡೆಯ ಮೇಲೆ ಫೋಟೋ ಆಗಿದ್ದರು. ಇದನ್ನೆಲ್ಲ ಅವರು ಯಾವ ಬೇಸರವೂ ಇಲ್ಲದೆ ಹೇಳುತ್ತಾರೆ.

ನನ್ನ ಮಾತನ್ನು ಅವರಿಗೆ ಒಪ್ಪಿಸಿ, ಅರ್ಥ ಹೇಳಿದೆ. "ಸಾಹೇಬರು ಎಲ್ಲಿಗೆ ಹೋಗಿದ್ದಾರೆ?" ಎಂದು ಕೇಳಿದರು. ಗೊತ್ತಿಲ್ಲ ಎಂದೆ. "ಮನೆಯ ಆಳಿಗೆ ಗೊತ್ತಿರಬೇಕು" ಎಂದು ಬಾಗಿಲು ಹಾಕಿಕೊಂಡರು. ಮರುದಿನ ಗಿರಿಜಾಳನ್ನು ಕೇಳಿ, "ತಂಗಿ ಮನೀಗೆ ಹೋಗ್ಯಾರ" ಎಂಬ ಉತ್ತರ ಒಯ್ದೆ. ಒಂದು ತಿಂಗಳು ಕಾರಿಡಾರಿನಲ್ಲೇ ತಾಲೀಮು ನಡೆಯಿತು. ಗಿರಿಜಾ ಹೊಸ್ತಿಲಲ್ಲಿ ನಿಂತು ಉಚ್ಚಾರ ತಿದ್ದುತ್ತಿದ್ದಳು. "ಮನ್ಯಾಗ, ಮನ್ಯಾಗ. ನೋಡ್ರಿ, ಅವರಿಗೆ ಬಂತು, ನಿಮಗ ಬರವಲ್ದು."

ಇಷ್ಟು ಉಪಕಾರ ಮಾಡಿದವರನ್ನು ನಾಟಕಕ್ಕೆ ಕರೆಯದಿದ್ದರೆ ಹೇಗೆ? ಸಂಘದ ಅಧ್ಯಕ್ಷರಿಗೆ ವಾಟ್ಸಾಪಿನಲ್ಲಿ "ನಾರ್ವೆಯ ಹಿರಿಯ ಪೋಷಕ ನಟರನ್ನು ಕರೆತರುತ್ತೇನೆ, ಮುಂದೆ ಒಂದು ಸೀಟು ಇರಲಿ" ಎಂದು ಬರೆದೆ. ಸಿನಿಮಾದವರ ಬಾಯಲ್ಲಿ ಪೋಷಕ ನಟ ಎಂದರೆ ನಾಯಕನ ಅಕ್ಕಪಕ್ಕ ನಿಲ್ಲುವವನು. ಸಂಘದವರ ಬಾಯಲ್ಲಿ ಪೋಷಕ ಎಂದರೆ ಸಂಘವನ್ನು ಸಾಕುವ ದೊಡ್ಡ ಮನುಷ್ಯ. ಅಧ್ಯಕ್ಷರು 'ಪೋಷಕ' ಎಂಬಲ್ಲಿಗೆ ಓದು ನಿಲ್ಲಿಸಿದ್ದರು. "ಬನ್ನಿ ಸಾರ್, ಪೋಷಕರು ಅಂದ್ಮೇಲೆ ಕೆಳಗೆ ಕೂರ್ಸೋಕಾಗುತ್ತಾ?" ಎಂದು ಓದ್ವಾರರಿಗೆ ಶಾಲು ಹೊದಿಸಿ, ಮೈಸೂರು ಪೇಟ ಇಟ್ಟು, ವೇದಿಕೆಯ ಅಂಚಿನ ಸೋಫಾದಲ್ಲಿ ಕೂರಿಸಿಯೇಬಿಟ್ಟರು. ನಾನು ಓಡಿಹೋಗಿ ಓದ್ವಾರರ ಕಿವಿಯಲ್ಲಿ ಎಡವಟ್ಟನ್ನು ವಿವರಿಸಿದೆ. "ಈ ದೊಡ್ಡ ಮನುಷ್ಯನಿಗೆ ಮಾತಿದೆಯೇ?" ಎಂದರು. ಇಲ್ಲ ಎಂದೆ. "ಒಳ್ಳೆಯ ಪಾತ್ರ" ಎಂದು ಬೆನ್ನು ನೆಟ್ಟಗೆ ಮಾಡಿಕೊಂಡರು.

ನಾಟಕ ಶುರುವಾಯಿತು. ಬಂದವನು "ಸಾಹೇಬ್ರು ಅದಾರೇನು?" ಎಂದ. ಎದುರಿಗೆ ಸ್ಟ್ಯಾಂಡಿನ ಮೇಲೆ ಫೋನು, ಅದರ ಆಚೆ ತುದಿಯಲ್ಲಿ ಅತ್ತೆ. ಮನೇಲಿ, ಮನೆಯಲ್ಲಿ, ಮನ್ಯಾಗ ಮೂರೂ ಒಟ್ಟಿಗೆ ಗಂಟಲಿಗೆ ಬಂದು ಸಿಕ್ಕಿಕೊಂಡವು. ಅವನು ಇನ್ನೊಮ್ಮೆ ಕೇಳಿದ. ನನಗೆ ನಿಜವಾಗಿ ಅಳು ಬಂತು. ಆಗ ಸೋಫಾದಿಂದ, ಪೇಟದ ಕೆಳಗಿನಿಂದ, ಮೈಕಿಲ್ಲದೆ ಕೊನೆಯ ಸಾಲು ಮುಟ್ಟುವ ದನಿಯೊಂದು ಎದ್ದಿತು: "ಸಾಹೇಬ್ರು ಮನ್ಯಾಗ ಇಲ್ರಿ. ತಂಗಿ ಮನೀಗೆ ಹೋಗ್ಯಾರ."

ಚಪ್ಪಾಳೆ ನಿಲ್ಲಲು ಬಹಳ ಹೊತ್ತು ಬೇಕಾಯಿತು. ಅತ್ತೆ ಗಿರಿಜಾಗೆ ಫೋನು ಮಾಡಿದರು. "ಆ ರುಮಾಲಿನ ಹಿರ್ಯಾರು ಯಾರವಾ? ನಮ್ಮ ಕಡೆಯವ್ರ ಇರಬೇಕು. ಅಳಿಯಂದ್ರೂ ಪಾಪ, ಛಲೋ ನಿಂತಿದ್ರು."

ಈ ವರ್ಷದ ಆಹ್ವಾನ ಪತ್ರಿಕೆ ನಿನ್ನೆ ಬಂತು. ನಟರ ಸಾಲಿನಲ್ಲಿ ಮೊದಲ ಹೆಸರು ಓದ್ವಾರರದು. ಹನ್ನೊಂದು ವರ್ಷ ದುಡಿದವನನ್ನು ಕೈಬಿಡಬಾರದೆಂದು ಅಧ್ಯಕ್ಷರು ನನ್ನನ್ನು ಪೋಷಕರ ಸಾಲಿಗೆ ಸೇರಿಸಿದ್ದಾರೆ. ಪತ್ರಿಕೆ ಹಿಡಿದು ಎದುರು ಮನೆಗೆ ಹೋದೆ. "ನಿನಗೆ ಮಾತಿದೆಯೇ?" ಎಂದು ಓದ್ವಾರ್ ಕೇಳಿದರು. ಇಲ್ಲ ಎಂದೆ. "ಒಳ್ಳೆಯ ಪಾತ್ರ" ಎಂದರು. ತಾಲೀಮು ಬೇಕಾಗಲಾರದು, ಮದುವೆಯ ದಿನದಿಂದ ಅದನ್ನೇ ಮಾಡುತ್ತಿದ್ದೇನೆ.